ಬೆಂಜಪ್ಪನ ಮೊಮ್ಮಗಳ ಮಡಿಲಕ್ಕಿ

ನಮ್ಮ ಹೊಂಗೆಕೊಪ್ಪಲು ಬೆಳಗೊಳಕ್ಕೆ ಎಷ್ಟು ಹತ್ತಿರವೆಂದರೆ, ಅಲ್ಲಿ ಒಗ್ಗರಣೆ ಹಾಕಿದರೆ ಇಲ್ಲಿ ಸೀನು ಬರುತ್ತದೆ. ಆದರೂ ಬೆಳಗೊಳದವರನ್ನು ನಮ್ಮೂರು ಎಲ್ಲಿದೆ ಎಂದು ಕೇಳಿದರೆ ತಲೆ ಕೆರೆದುಕೊಳ್ಳುತ್ತಿದ್ದರು. ತೊಂಬತ್ತಮೂರನೆಯ ಇಸವಿ ಕಳೆದ ಮೇಲೆ ಕೆರೆದುಕೊಳ್ಳುವುದು ನಿಂತಿತು. “ಓ, ಬೆಕ್ಕಿನ ಕಣ್ಣಿನ ಬೆಟ್ಟಮ್ಮನ ಊರಾ?” ಎನ್ನತೊಡಗಿದರು. ಒಂದೂರಿಗೆ ವಿಳಾಸ ತಂದುಕೊಟ್ಟ ಹೆಂಗಸಿನ ಕತೆ ಇದು. ಇದರಲ್ಲಿ ಅರ್ಧ ನಿಜ. ಉಳಿದರ್ಧ ಅದಕ್ಕಿಂತಲೂ ನಿಜ.

ಬೆಟ್ಟಮ್ಮ ಕುಲುಮೆ ಬೀದಿಯವಳು. ಐವತ್ತರ ಆಸುಪಾಸು. ಯಾರ ಮನೆಗೆ ಹೋದರೂ ಬಾಗಿಲಲ್ಲಿ ತಲೆ ತಗ್ಗಿಸಬೇಕಾದ ಎತ್ತರ, ಜೇನಿನ ಬಣ್ಣದ ಕೂದಲು, ಕಣ್ಣಂತೂ ಬೇಸಗೆಯಲ್ಲಿ ತಿಳಿಯಾದ ನಾಲೆಯ ನೀರು. ಆ ಕಣ್ಣು ಬಿಟ್ಟು ಒಮ್ಮೆ ದಿಟ್ಟಿಸಿದರೆ ಒದೆಯುವ ಎಮ್ಮೆಯೂ ನಿಂತು ಹಾಲು ಕೊಡುತ್ತಿತ್ತು. ಗಂಡ ಕಾಳಾಚಾರಿ ಕಾದ ಕಬ್ಬಿಣವನ್ನು ಇಕ್ಕಳದಲ್ಲಿ ಹಿಡಿದರೆ ಸುತ್ತಿಗೆ ಬೀಸುವವಳು ಬೆಟ್ಟಮ್ಮನೇ. ಅವಳ ಏಟಿನ ಸದ್ದನ್ನು ಗಂಟೆಯೆಂದು ತಿಳಿದು ಕ್ಯಾತನಹಳ್ಳಿ ಕಬ್ಬಿನ ಗದ್ದೆಯ ಆಳುಗಳು ಹೊತ್ತಿಗೆ ಮುಂಚೆಯೇ ಊಟಕ್ಕೆ ಏಳುತ್ತಿದ್ದರಂತೆ. ನಡುವೆ ಒಂದು ಹೊಳೆಯೇ ಹರಿಯುತ್ತದಲ್ಲ ಎಂದು ನೀವು ಕೇಳಬಹುದು. ಹೊಳೆಯೂ ಒಂದು ಗಳಿಗೆ ನಿಂತು ಕೇಳಿಸಿಕೊಳ್ಳುತ್ತಿತ್ತು.

ಆ ಕಣ್ಣು ಬಂದದ್ದು ತಾತನಿಂದ. ಕನ್ನಂಬಾಡಿ ಕಟ್ಟೆ ಕಟ್ಟುವ ಕಾಲದಲ್ಲಿ ಕಲ್ಲೆತ್ತುವ ಯಂತ್ರಗಳ ರಿಪೇರಿಗೆ ಬೆಂಜಮಿನ್ ಎಂಬ ಬಿಳಿಯ ಫಿಟ್ಟರೊಬ್ಬ ಬಂದಿದ್ದ. ಊರಿನ ನಾಲಿಗೆಯ ಮೇಲೆ ಎರಡು ದಿನ ಹೊರಳುವಷ್ಟರಲ್ಲಿ ಬೆಂಜಪ್ಪನಾದ. ಬೋಲ್ಟು ಕಾಯಿಸಿಕೊಳ್ಳಲು ನಮ್ಮೂರ ಕುಲುಮೆಗೆ ಬಂದವನು ಕುಲುಮೆಯವರ ಮಗಳು ಅಣ್ಣಮ್ಮನನ್ನು ಕಂಡ. ಆಮೇಲೆ ಕಟ್ಟೆಯ ಯಂತ್ರಗಳೆಲ್ಲ ದಿನಕ್ಕೆ ಮೂರು ಸಲ ಕೆಡತೊಡಗಿದವು. ಕೊನೆಗೆ ಕಾಳಮ್ಮನ ಗುಡಿಯಲ್ಲಿ ಅಣ್ಣಮ್ಮನಿಗೆ ತಾಳಿ ಕಟ್ಟಿದ. ಮಹಾರಾಜರ ಮುಂದೂ ತೆಗೆಯದ ಹ್ಯಾಟನ್ನು ಅಂದು ಕಾಳಮ್ಮನ ಮುಂದೆ ತೆಗೆದನೆಂದು ಹಳಬರು ಹೇಳುತ್ತಿದ್ದರು; ಮಹಾರಾಜರನ್ನು ಅವನು ಕಂಡಿದ್ದನೇ ಎಂದು ಯಾರೂ ಕೇಳಲಿಲ್ಲ. ಕಟ್ಟೆ ಮುಗಿಯುವ ಮೊದಲೇ ಚಳಿಜ್ವರ ಅವನನ್ನು ಎತ್ತಿಕೊಂಡು ಹೋಯಿತು. ನಾಲೆ ಏರಿಯ ಹೊಂಗೆ ಮರದಡಿ ಇವತ್ತಿಗೂ ಅವನ ಗೋರಿಯಿದೆ. ಪಿತೃಪಕ್ಷದಲ್ಲಿ ಬೆಟ್ಟಮ್ಮನ ಮನೆಯವರು ಅಲ್ಲಿಗೆ ಒಬ್ಬಟ್ಟಿನ ಎಡೆ ಇಡುತ್ತಾರೆ, ಪಕ್ಕಕ್ಕೆ ಒಂದು ಲೋಟ ಹಾಲಿಲ್ಲದ ಟೀ.

ಬೆಂಜಪ್ಪನಿಗೆ ಒಬ್ಬ ಮಗ ಹುಟ್ಟಿದ್ದ. ಮಗು ಎಷ್ಟು ಬೆಳ್ಳಗಿತ್ತೆಂದರೆ ಬೆಳದಿಂಗಳಲ್ಲಿ ಮಲಗಿಸಿದರೆ ಕಾಣುತ್ತಿರಲಿಲ್ಲ, ಇದ್ದಿಲು ಬಳಿದು ಹುಡುಕಬೇಕಿತ್ತು. ದೃಷ್ಟಿಯಾದೀತೆಂದು ಅಣ್ಣಮ್ಮ ಅವನಿಗೆ ಕರಿಯಯ್ಯ ಎಂದು ಹೆಸರಿಟ್ಟಳು. ಆ ಕರಿಯಯ್ಯ ಸೋದರಮಾವನ ಕುಲುಮೆಯಲ್ಲೇ ಬೆಳೆದು, ಸಾಯುವ ತನಕ ಸುತ್ತಲ ಊರಿಗೆಲ್ಲ ಕುಡುಗೋಲು, ನೇಗಿಲ ಗುಳ ತಟ್ಟಿಕೊಟ್ಟ. ಅವನ ಒಬ್ಬಳೇ ಮಗಳು ಬೆಟ್ಟಮ್ಮ. ಗಂಡು ಮಕ್ಕಳಿಲ್ಲದ್ದರಿಂದ ನಾಗಮಂಗಲದ ಕಡೆ ಬಿಂಡಿಗನವಿಲೆಯಿಂದ ಕಾಳಾಚಾರಿಯನ್ನು ಮನೆ ಅಳಿಯನಾಗಿ ತಂದುಕೊಂಡರು. ಮಳೆ ನಂಬಿದ ಊರಿನ ಕಾಳಾಚಾರಿ ನಮ್ಮ ನಾಲೆ ನೋಡಿ, “ಇಷ್ಟು ನೀರಾ!” ಎಂದು ಬಿಟ್ಟ ಬಾಯನ್ನು ಮದುವೆಯ ಮಾರನೆಯ ದಿನ ಮುಚ್ಚಿದ. ಆಮೇಲೆ ಹೆಂಡತಿಯ ಮುಂದೆ ಅದನ್ನು ಹೆಚ್ಚು ತೆರೆದವನಲ್ಲ.

ಇಲ್ಲಿ ಒಂದು ವಿಷಯ ಹೇಳಲೇಬೇಕು. ನಮ್ಮ ಕಡೆ ಮಗಳು ತವರಿನಿಂದ ಗಂಡನ ಮನೆಗೆ ಹೊರಟಾಗ ಅವಳ ಸೆರಗಿಗೆ ಅಕ್ಕಿ, ಬೆಲ್ಲ, ಕಾಯಿ, ಎಲೆ ಅಡಿಕೆ ಹಾಕಿ ಕಟ್ಟಿ ಕಳಿಸುತ್ತಾರೆ. ಅದೇ ಮಡಿಲಕ್ಕಿ. ಅವಳು ಅದರಲ್ಲಿ ಒಂದು ಹಿಡಿ ತೆಗೆದು ವಾಪಸು ಹಾಕಿ, ತವರು ತಣ್ಣಗಿರಲಿ ಎಂದು ಹರಸಬೇಕು. ಅಣ್ಣನಾದವನು, ತವರ ಬಾಗಿಲು ಯಾವಾಗಲೂ ತೆಗೆದಿರುತ್ತದೆ ಎನ್ನಬೇಕು. ಇವಳು ನಮ್ಮವಳು ಎಂದು ಊರು ಹೇಳುವುದು ಹೀಗೆ. ಬೇರೆ ಬಗೆಯಲ್ಲಿ ಹೇಳಿ ನಮಗೆ ಗೊತ್ತಿಲ್ಲ. ಬೆಟ್ಟಮ್ಮ ಹುಟ್ಟಿದ ಮನೆ ಬಿಟ್ಟು ಎಲ್ಲಿಗೂ ಹೋಗಲಿಲ್ಲ, ಅಣ್ಣತಮ್ಮಂದಿರೂ ಇರಲಿಲ್ಲ. ಊರ ಹೆಣ್ಣುಮಕ್ಕಳೆಲ್ಲ ಮಡಿಲು ತುಂಬಿಸಿಕೊಂಡು ಬಸ್ಸು ಹತ್ತಿದರೂ ಅವಳ ಮಡಿಲಿಗೆ ಒಂದು ಕಾಳು ಬೀಳಲಿಲ್ಲ. “ನಾನು ಓಗಿದ್ರಲ್ವಾ ಕಟ್ಟೋರು” ಎಂದು ಅವಳೇ ನಗುತ್ತಿದ್ದಳು. ಆದರೆ ಯಾರದಾದರೂ ಮಗಳಿಗೆ ಮಡಿಲು ತುಂಬುವಾಗ ಅವಳ ಆ ತಿಳಿಗಣ್ಣು ಮಾತ್ರ ಇನ್ನೆಲ್ಲೋ ನೋಡುತ್ತಿತ್ತು. ಆ ಮನೆಯವರು ನಮ್ಮವರೋ ಬಿಳಿ ದೊರೆಗಳ ಕಡೆಯವರೋ ಎಂಬ ಪ್ರಶ್ನೆಯನ್ನು ಊರು ಎಪ್ಪತ್ತು ವರ್ಷದಿಂದ ಉಪ್ಪಿನಕಾಯಿ ಹಾಕಿಟ್ಟಿತ್ತು.

ಆ ಜಾಡಿಯ ಮುಚ್ಚಳ ತೆಗೆದದ್ದು ಪಂಚಾಯ್ತಿ ಚುನಾವಣೆ. ಹೊಸ ಕಾಯಿದೆ ಬಂದು ನಮ್ಮೂರ ಒಂದು ಸೀಟು ಹೆಂಗಸರಿಗೆ ಎಂದಾಯಿತು. ಗಂಡಸರಿಗೆ ಅದು ಅರ್ಥವಾಗಲು ಒಂದು ವಾರ ಬೇಕಾಯಿತು. ಅರ್ಥವಾದ ಮೇಲೆ ಒಂದು ವಾರ ಜ್ವರ. ಮೊದಲು ಚೇತರಿಸಿಕೊಂಡವನು ಚಿಕ್ಕಸ್ವಾಮಿ.

ಚಿಕ್ಕಸ್ವಾಮಿ ರೈಸ್‌ಮಿಲ್ಲಿನ ಯಜಮಾನ. ಮೀಸೆಯ ಎರಡು ತುದಿಗೂ ಒಂದೊಂದು ನಿಂಬೆಹಣ್ಣು ನೇತುಹಾಕಬಹುದಿತ್ತು. ದನಿ ಎಂಥದೆಂದರೆ, ಪ್ರಚಾರಕ್ಕೆ ಆಟೋದಲ್ಲಿ ಮೈಕು ಕಟ್ಟಿಸಿದ್ದು ಬರೀ ಮರ್ಯಾದೆಗೆ. ಕೆಟ್ಟವನಲ್ಲ, ಊರೆಂದರೆ ತನ್ನ ಮನೆಯ ಹಿತ್ತಿಲು ಎಂದು ತಿಳಿದಿದ್ದ, ಅಷ್ಟೆ. ಊರಿಗೆ ಬಂದ ಒಂದೇ ಒಂದು ನಲ್ಲಿ ಸಾಲು ಅವನ ಮನೆಯ ಮುಂದೆ ಬಂದು ಸುಸ್ತಾಗಿ ಕೂತಿತ್ತು. ಕುಲುಮೆ ಬೀದಿಯ ಹೆಂಗಸರು ಅಲ್ಲಿಯವರೆಗೆ ಕೊಡ ಹೊತ್ತು ಬಂದು, ಅವನ ಮನೆಯ ಎಮ್ಮೆ ತೊಳೆದು ಮುಗಿಯುವ ತನಕ ಕಾಯಬೇಕಿತ್ತು. ಅವನು ತನ್ನ ಹೆಂಡತಿ ಜಯಲಕ್ಷ್ಮಮ್ಮನನ್ನು ಚುನಾವಣೆಗೆ ನಿಲ್ಲಿಸಿದ. ಆಯಮ್ಮ ಕೆ.ಆರ್. ಪೇಟೆ ಕಡೆಯವಳು, ಸಾಧು ಹೆಂಗಸು. ಕರಪತ್ರದಲ್ಲಿ ಅಚ್ಚಾದ ಭಾವಚಿತ್ರ ಮಾತ್ರ ಚಿಕ್ಕಸ್ವಾಮಿಯದು. ಕೆಳಗೆ ಶ್ರೀಮತಿ ಜಯಲಕ್ಷ್ಮಮ್ಮ ಎಂದಿತ್ತು. ಬಿಂಡಿಗನವಿಲೆಯಿಂದ ಬಂದಿದ್ದ ಕಾಳಾಚಾರಿಯ ನೆಂಟನೊಬ್ಬ ಅದನ್ನು ನೋಡಿ, “ನಿಮ್ಮೂರಲ್ಲಿ ಎಂಗಸ್ರಿಗೂ ಈ ಪಾಟಿ ಮೀಸೆ ಬತ್ತದಾ?” ಎಂದು ಕೇಳಿದ.

ಅವತ್ತೇ ನಲ್ಲಿಯ ಹತ್ತಿರ ಬೆಟ್ಟಮ್ಮ ಕೊಡ ಕುಕ್ಕಿದಳು. “ಇನ್ಯಾರಾರ ನಿಂತ್ಕತೀರಾ, ಇಲ್ಲ ನಾನೇ ನಿಂತ್ಕಳ್ಳಾ?” ಎಂದಳು. ಹೆಂಗಸರು ತಂತಮ್ಮ ಕೊಡ ಎತ್ತಿಕೊಂಡರು. ನಿಂತವಳು ಅವಳೇ.

ಅರ್ಜಿ ಕೊಡುವಲ್ಲಿ ಮೊದಲ ಪೆಟ್ಟು ಬಿತ್ತು. ಚುನಾವಣೆ ಕೆಲಸಕ್ಕೆಂದು ಹೊರಗಿನಿಂದ ಬಂದಿದ್ದ ಸಾಹೇಬರು ಬಾಗಿಲಲ್ಲಿ ಬಗ್ಗಿ ಒಳಬಂದ ಆ ಎತ್ತರವನ್ನೂ ಕಣ್ಣನ್ನೂ ನೋಡಿ ಕುರ್ಚಿಯಿಂದ ಅರ್ಧ ಎದ್ದರು. “ಪ್ಲೀಸ್ ಕಮ್ ಮೇಡಂ, ಪ್ಲೀಸ್” ಎಂದರು.

ಬೆಟ್ಟಮ್ಮ ಹಿಂದೆ ತಿರುಗಿ ನೋಡಿದಳು. ಹಿಂದೆ ಕಾಳಾಚಾರಿ ಬಿಟ್ಟರೆ ಯಾರೂ ಇರಲಿಲ್ಲ. “ಯಾರ್ನ ಬುದ್ದಿ ಕರೀತಿರಾದು?”

ಸಾಹೇಬರು ಇನ್ನೂ ಗಲಿಬಿಲಿಯಾದರು. “ಅಲ್ಲಮ್ಮ… ನೀವು… ಭಾರತದವರೇನಾ?”

“ಇಲ್ಲ ಸ್ವಾಮಿ, ಒಂಗೆಕೊಪ್ಪಲೋಳು.”

ಅರ್ಜಿ ಸೇರಿತು, ಕೊಡೆಯ ಗುರುತು ಸಿಕ್ಕಿತು. ಆದರೆ ಸಾಹೇಬರು ಕೇಳಿದ ಪ್ರಶ್ನೆ ಅವಳಿಗಿಂತ ಮೊದಲೇ ಊರು ಸೇರಿತ್ತು.

ಕೆಂಪಣ್ಣನ ಟೀ ಅಂಗಡಿಯಲ್ಲಿ ಮಾರನೆಯ ದಿನದಿಂದ ಬೇರೆ ಮಾತೇ ಇಲ್ಲ. ಕೆಂಪಣ್ಣ ತಾನು ಯಾವ ಪಕ್ಷಕ್ಕೂ ಸೇರದವನು, ಎರಡು ಪಕ್ಷದ ಟೀಗೂ ಒಂದೇ ಅಳತೆಯಲ್ಲಿ ನೀರು ಬೆರೆಸುತ್ತಿದ್ದ. ಚಿಕ್ಕಸ್ವಾಮಿಯ ಕಡೆಯವನೊಬ್ಬ ಬೆಂಚಿನ ಮೇಲೆ ಕಾಲು ಮಡಚಿ ಕೂತು ಶುರು ಮಾಡಿದ:

“ನೋಡ್ಲಾ, ಅವ್ಳ ಮೈಲಿರಾದು ಪರದೇಶದ ರಕ್ತ. ಗೆದ್ಲೋ, ಕನ್ನಂಬಾಡಿ ನೀರ್ನ ಸೀದಾ ಲಂಡನ್‌ಗೇ ತಿರುಗುಸ್ಬುಡ್ತಾಳೆ.”

“ಎಂಗ್ಲಾ ತಿರುಗುಸ್ತಾಳೆ?” ಎಂದ ಕೆಂಪಣ್ಣ. “ನಮ್ಮ ಗದ್ದೆಗೆ ನೀರೆತ್ತಾಕೇ ಕರೆಂಟ್ ಇಲ್ಲ, ಲಂಡನ್‌ಗಂಟ ಯಾವ ಪಂಪ್‌ಸೆಟ್ಟು ಎಳೀತದೆ?”

“ತಮಾಸೆ ಮಾಡ್ಬ್ಯಾಡ ಕಣಣ್ಣೋ. ಬಿಳೀರು ಓಗ್ವಾಗ ಎಲ್ಲಾ ಕಡೆ ಒಬ್ಬೊಬ್ಬರ್ನ ಬುಟ್ಟೋಗವ್ರಂತೆ, ಮತ್ತೆ ಬರಾಕೆ ದಾರಿ ಆಗ್ಲಿ ಅಂತ.”

“ಅಂಗಾರೆ ಬೆಟ್ಟಮ್ಮಕ್ಕ ಇಷ್ಟು ವರ್ಸ ಮಚ್ಚು ಕುಡ್ಗೋಲು ಮಾಡಿ ನಮ್ ಕೈಗೇ ಯಾಕ್ಲಾ ಕೊಟ್ಳು? ಅವರಿಗೆ ಕೊಡಾದಲ್ವಾ?”

ಗಾಳಿಸುದ್ದಿಗೆ ಕಾಲು ಬೇಕಾಗುವುದಿಲ್ಲ. ವಾರದೊಳಗೆ ಬೆಟ್ಟಮ್ಮನ ಅಟ್ಟದ ಮೇಲೆ ರಾಣಿಯ ಕಿರೀಟ ಇದೆ ಎಂದಾಯಿತು. ಕೊಡೆಯ ಗುರುತು ಸಿಕ್ಕಿದ್ದೂ ಲಂಡನ್ನಿನ ಮಳೆಯ ನೆನಪಿಗೆ ಎಂದಾಯಿತು.

ಬೇಡ ಎನ್ನುವವರು ಹೀಗಾದರೆ, ಬೇಕು ಎನ್ನುವವರ ಕಾಟ ಇನ್ನೂ ದೊಡ್ಡದು. “ಇಂಗ್ಲಿಷು ಅವ್ಳ ರಕ್ತದಾಗೇ ಅದೆ. ಒಂದ್ಸಲ ಆ ಕಣ್ಣು ಬುಟ್ಟು ಮಾತಾಡುದ್ರೆ ಇಂಜಿನಿಯರು ಎದ್ದು ನಿಂತು ನಲ್ಲಿ ಆಕುಸ್ತಾನೆ” ಎಂದು ಅವರು ಸಾರಿದರು. ಅಂಥವನೊಬ್ಬ ಟಾನಿಕ್ಕಿನ ಬಾಟಲಿ ಹಿಡಿದು ಕುಲುಮೆಗೇ ಬಂದ.

“ಅಕ್ಕಾ, ಇದ್ರ ಮ್ಯಾಲೆ ಇಂಗ್ಲಿಷ್ನಾಗೆ ಬರ್ದವ್ರೆ. ಊಟಕ್ಕೆ ಮುಂಚೆ ಕುಡೀಬೇಕಾ, ಆಮ್ಯಾಕಾ?”

ಬೆಟ್ಟಮ್ಮ ಬಾಟಲಿಯನ್ನು ಗಂಭೀರವಾಗಿ ತಿರುಗಿಸಿ ನೋಡಿದಳು. ಕನ್ನಡವನ್ನೇ ಅವಳು ಓದಿದವಳಲ್ಲ. “ಮುಂಚೆ ಕುಡಿ. ಬದುಕುದ್ರೆ ಊಟ ಮಾಡು” ಎಂದಳು.

ಅವನಿಗೆ ಎಷ್ಟು ಸಂತೋಷವಾಯಿತೆಂದರೆ, ಬೆಟ್ಟಮ್ಮ ಬಾಟಲಿ ಓದಿದಳು ಎಂದು ಊರೆಲ್ಲ ಹೇಳಿಕೊಂಡು ಬಂದ. ಅವಳ ಇಂಗ್ಲಿಷೆಂದರೆ ಒಂದೇ ಒಂದು ಮಾತು: “ಓಲ್ಡಾನ್!” ಕಾದ ಕಬ್ಬಿಣವನ್ನು ಅಲ್ಲಾಡದ ಹಾಗೆ ಹಿಡಿದುಕೊ ಎನ್ನಲು ಬೆಂಜಪ್ಪ ಹಾಗನ್ನುತ್ತಿದ್ದನಂತೆ. ಅದು ಮಗನಿಗೆ ಬಂದು, ಮಗನಿಂದ ಮೊಮ್ಮಗಳಿಗೆ ಬಂದಿತ್ತು. ತಾತನ ಸೀಮೆಯಿಂದ ಬಂದ ಆಸ್ತಿ ಇಷ್ಟೇ.

ಅವತ್ತು ಸಂಜೆ ಬೆಂಕಿಗೆ ಗಾಳಿ ಊದುವ ತಿದಿ ಒತ್ತುತ್ತಿದ್ದ ಬೆಟ್ಟಮ್ಮ ನಡುವೆಯೇ ಕೈ ಬಿಟ್ಟಳು. ಕಾಳಾಚಾರಿ ಕೇಳಿದ, “ಯಾಕಮ್ಮಿ?”

“ಬ್ಯಾಡ ಅನ್ನೋರೂ ನನ್ ಕಣ್ಣು ನೋಡ್ತಾರೆ, ಬೇಕು ಅನ್ನೋರೂ ನನ್ ಕಣ್ಣೇ ನೋಡ್ತಾರೆ. ನಡುವೆ ಬೆಟ್ಟಮ್ಮ ಎಲ್ಲೋದ್ಲು ಅಂತ ಒಬ್ರಾರ ಕೇಳ್ತಾರಾ? ಸೋತ್ರೆ ಸೋಲ್ತೀನಿ, ಅದ್ಕೇನಿಲ್ಲ. ಪರದೇಶದೋಳು ಅನ್ನಿಸ್ಕಂಡು ಸೋತ್ರೆ ನಾಳೀಕೆ ಈ ಬೀದೀಲಿ ಎಂಗೆ ನಡೀಲಿ? ಇಲ್ಲೇ ಉಟ್ಟಿದ ನಮ್ಮಪ್ಪನ್ನ ಇನ್ನೆಲ್ಲಿ ಉಟ್ಟುಸ್ಲಿ?”

ಕಾಳಾಚಾರಿ ಇಕ್ಕಳ ಕೆಳಗಿಟ್ಟು, “ಪರದೇಶದೋನು ನಾನು ಕನಮ್ಮಿ. ಬಿಂಡಿಗನವಿಲೆ. ನನ್ನ ಯಾರೂ ಒಂದ್ಮಾತು ಅನ್ಲಿಲ್ಲ” ಎಂದ. ಅವನ ಬಾಯಿಂದ ಆ ವರ್ಷ ಬಂದ ಅತಿ ಉದ್ದದ ಮಾತು ಅದೇ.

ಇತ್ತ ಚಿಕ್ಕಸ್ವಾಮಿಗೆ ಗೆಲುವು ಕೈಗೆ ಬಂದ ಹಾಗೇ ಇತ್ತು. ಆದರೂ ಹೆಂಗಸರ ಸೀಟಲ್ಲವೇ, ಹೆಂಗಸರ ಮನಸ್ಸು ಗೆಲ್ಲಬೇಕೆಂದು ಅವನಿಗೆ ಒಂದು ಬುದ್ಧಿ ಹೊಳೆಯಿತು. ಮಿಲ್ಲಿನಲ್ಲಿ ಅಕ್ಕಿಗೇನು ಬರವೇ? ಊರ ಮುತ್ತೈದೆಯರಿಗೆಲ್ಲ ಮಡಿಲಕ್ಕಿ ಕಟ್ಟಿಸಿಬಿಡುವುದು. ತವರಿನ ಅಕ್ಕಿ ಸೆರಗಿಗೆ ಬಿದ್ದ ಮೇಲೆ ಯಾವ ಹೆಂಗಸು ತಾನೇ ಬೇರೆ ಗುರುತಿಗೆ ಒತ್ತಿಯಾಳು? ಇಂಥ ಬುದ್ಧಿ ಅವನಿಗೆ ಹತ್ತು ವರ್ಷಕ್ಕೊಮ್ಮೆ ಬರುತ್ತಿತ್ತು, ಬಂದಾಗಲೆಲ್ಲ ಊರಿಗೆ ಒಳ್ಳೆಯದೇ ಆಗುತ್ತಿತ್ತು.

ಮತದಾನಕ್ಕೆ ಎರಡು ದಿನವಿರುವಾಗ, ಬೆಳಿಗ್ಗೆಯೇ ಟ್ರಾಕ್ಟರು ಹೊರಟಿತು. ಟ್ರೇಲರಿನ ತುಂಬ ಅಕ್ಕಿ ಮೂಟೆ, ಬೆಲ್ಲದ ಅಚ್ಚು, ಕಾಯಿ ರಾಶಿ. ಮುಂದೆ ಮೈಕಿನ ಆಟೋ ಹೋಗುತ್ತಿತ್ತು. ಮೈಕಿನ ತಂತಿಯನ್ನು ಟ್ರೇಲರಿನ ತನಕ ಎಳೆಸಿಕೊಂಡು, ಮೂಟೆಯ ಮೇಲೆ ನಿಂತ ಚಿಕ್ಕಸ್ವಾಮಿ ಕೂಗುತ್ತಿದ್ದ:

“ಈ ಊರ್ನಾಗೆ ಬಾಳೋ ಒಬ್ಬೊಬ್ಬ ಮುತ್ತೈದೇನೂ ಈ ಚಿಕ್ಕಸ್ವಾಮಿಯ ಒಡವುಟ್ಟಿದ ತಂಗಿ! ತಂಗೀರ ಮಡ್ಲು ತುಂಬಾದು ಅಣ್ಣನ ಧರ್ಮ! ಒಬ್ಬರ್ನೂ ಬುಡದಿಲ್ಲ!”

ಕೊನೆಯ ಮಾತನ್ನು ಅವನು ಹೇಳಬಾರದಿತ್ತು.

ಹಿಂದೆ ಜಯಲಕ್ಷ್ಮಮ್ಮ ಮೊರ ಹಿಡಿದು ಮನೆಮನೆಗೂ ಇಳಿದು, ಕರೆದು, ಕುಂಕುಮವಿಟ್ಟು ಮಡಿಲು ತುಂಬುತ್ತಿದ್ದಳು. ಹೀಗೆ ಟ್ರಾಕ್ಟರು ಮೇಲಿನ ಬೀದಿ ಮುಗಿಸಿ ಕುಲುಮೆ ಬೀದಿಗೆ ತಿರುಗಿತು. ಬೆಟ್ಟಮ್ಮನ ಮನೆ ಬಂದಾಗ ಚಿಕ್ಕಸ್ವಾಮಿ ಡ್ರೈವರಿಗೆ ಕೈ ಬೀಸಿದ, ಮುಂದಕ್ಕೆ ಹೋಗು ಎಂದು. ಟ್ರಾಕ್ಟರು ಹೊರಟಿತು. ಜಯಲಕ್ಷ್ಮಮ್ಮ ಹೊರಡಲಿಲ್ಲ.

ಮಡಿಲಕ್ಕಿಯ ಮೊರ ಕೈಯಲ್ಲಿ ಹಿಡಿದವಳು ಮುತ್ತೈದೆಯ ಹೊಸಿಲನ್ನು ಹಾಗೆಯೇ ದಾಟಿ ಹೋಗುವಂತಿಲ್ಲ. ಹೋದರೆ ತನ್ನ ಮನೆಯ ಹೆಣ್ಣುಮಕ್ಕಳಿಗೆ ಒಳ್ಳೆಯದಲ್ಲ ಎಂಬುದು ನಮ್ಮ ಹೆಂಗಸರ ಲೆಕ್ಕ; ಅದನ್ನು ಯಾವ ಕಾಯಿದೆಯೂ ಬದಲಿಸಲಾರದು. ಜಯಲಕ್ಷ್ಮಮ್ಮನ ಮಗಳು ಅರ್ಪಿತ ಬಾಣಂತನಕ್ಕೆ ಬಂದು ತುಂಬಿದ ತಿಂಗಳಲ್ಲಿ ಮನೆಯಲ್ಲಿ ಕೂತಿದ್ದಳು.

“ಏ, ಬಾರಮ್ಮಿ ಮುಂದ್ಕೆ!” ಎಂದ ಚಿಕ್ಕಸ್ವಾಮಿ ಮೇಲಿನಿಂದ, ಮೈಕನ್ನು ಎದೆಗೆ ಒತ್ತಿ ಹಿಡಿದುಕೊಂಡು.

ಮದುವೆಯಾದಾಗಿನಿಂದ ಗಂಡನಿಗೆ ಎದುರಾಡದ ಜಯಲಕ್ಷ್ಮಮ್ಮ ತಲೆ ಎತ್ತಿದಳು. “ಓಟು ನಿಮ್ದು. ಮಗಳು ನಂದು. ಒಬ್ಬರ್ನೂ ಬುಡದಿಲ್ಲ ಅಂತ ಕೂಗ್ದೋರು ಯಾರು? ಊರೆಲ್ಲ ಕೇಳ್ಕಂಡದೆ” ಎಂದು ಒಳಗಡೆಗೆ ತಿರುಗಿ ಕರೆದಳು, “ಬೆಟ್ಟಮ್ಮಾ, ಬಾರವ್ವ ಈಚೆಗೆ.”

ಬೆಟ್ಟಮ್ಮ ಸುತ್ತಿಗೆ ಹಿಡಿದೇ ಬಂದಳು. ಮುಖದ ತುಂಬ ಇದ್ದಿಲ ಮಸಿ. ಅವಳ ಬಿಳುಪು ಎಲ್ಲೂ ಕಾಣುತ್ತಿರಲಿಲ್ಲ. ಮೊರ ನೋಡಿದಳು, ಜಯಲಕ್ಷ್ಮಮ್ಮನನ್ನು ನೋಡಿದಳು. ಸುತ್ತಿಗೆ ಕೈಯಿಂದ ಜಾರಿ ಕಾಳಾಚಾರಿಯ ಕಾಲ ಮೇಲೆ ಬಿತ್ತು. ಅವನು ಅಂಥ ಗಳಿಗೆಯಲ್ಲಿ ಕಿರುಚಬಾರದೆಂದು ಎರಡು ದಿನ ಬಿಟ್ಟು ಕಿರುಚಿದ.

“ನಂಗಾ?” ಎಂದಳು ಬೆಟ್ಟಮ್ಮ.

“ನಿಂಗೇ ಕಣವ್ವ. ಸೆರಗು ಚಾಚು.”

ಬೆಟ್ಟಮ್ಮ ಸೆರಗು ಚಾಚಿದಳು. ಅಕ್ಕಿ ಬಿತ್ತು, ಬೆಲ್ಲ ಬಿತ್ತು, ಕಾಯಿ, ಎಲೆ, ಅಡಿಕೆ, ಬಳೆ, ರವಿಕೆ ಕಣ. ಐವತ್ತು ವರ್ಷ ಬೀಳದ್ದೆಲ್ಲ ಒಟ್ಟಿಗೆ ಬಿದ್ದ ಹಾಗಾಯಿತು. ಬೀದಿಯ ಹೆಂಗಸರು ಒಬ್ಬೊಬ್ಬರಾಗಿ ಬಂದು ಸುತ್ತ ನಿಂತರು. ಬೆಟ್ಟಮ್ಮ ಒಂದು ಹಿಡಿ ಅಕ್ಕಿ ತೆಗೆದು ಮೊರಕ್ಕೆ ವಾಪಸು ಹಾಕಿದಳು. ಆಮೇಲೆ ತಲೆ ಎತ್ತಿ, ಮೂಟೆಯ ಮೇಲೆ ನಿಂತವನನ್ನು ಆ ತಿಳಿಗಣ್ಣಿನಿಂದ ನೋಡಿ, ಕುಲುಮೆಯ ದನಿಯಲ್ಲಿ ಹೇಳಿದಳು:

“ತವರು ತಣ್ಣಗಿರ್ಲಿ ಅತ್ಗೆ. ನನ್ ಸೊಸೆ ಅರ್ಪಿತನ ಬಾಣಂತನ ಸುಸೂತ್ರ ಆಗ್ಲಿ. ಅಣ್ಣಯ್ಯ ನೂರ್ಕಾಲ ಬಾಳ್ಲಿ!”

ಅಣ್ಣನ ಮಗಳು ನಮ್ಮಲ್ಲಿ ಸೊಸೆಯೇ ಅಲ್ಲವೆ? ಮಗಳ ಹೆಸರು ಕೇಳಿದ್ದೇ ಚಿಕ್ಕಸ್ವಾಮಿಯ ಎದೆ ನೀರಾಯಿತು. ತಲೆತಲಾಂತರದಿಂದ ಬಂದ ಮಾತು ಅವನನ್ನು ಕೇಳದೆಯೇ ಅವನ ಬಾಯಿಂದ ಹೊರಟಿತು:

“ಒಳ್ಳೇದಾಗ್ಲಿ ಕಣವ್ವಾ. ತವರ ಬಾಗ್ಲು ಯಾವಾಗ್ಲೂ ತೆಗ್ದಿರ್ತದೆ.”

ಮೈಕು ಎದೆಯ ಮೇಲೆಯೇ ಇತ್ತು, ಆರಿಸಿರಲಿಲ್ಲ. ಚಿಕ್ಕಸ್ವಾಮಿಯ ದನಿಗೆ ಮೈಕಿನ ದನಿ ಸೇರಿ, ಆ ಮಾತು ನಮ್ಮೂರು ದಾಟಿ, ಬೆಳಗೊಳ ದಾಟಿ, ಕಟ್ಟೆಗೆ ಬಡಿದು ವಾಪಸು ಬಂದು ಮತ್ತೊಮ್ಮೆ ಕೇಳಿಸಿತು. ಗೋರಿಯಲ್ಲಿ ಬೆಂಜಪ್ಪ ಹ್ಯಾಟು ತೆಗೆದನೆಂದು ಕೆಲವರು ಹೇಳುತ್ತಾರೆ. ಅದನ್ನು ನಾನು ಕಣ್ಣಾರೆ ಕಂಡಿಲ್ಲ, ಆದ್ದರಿಂದ ಒತ್ತಿ ಹೇಳುವುದಿಲ್ಲ.

ಮಾರನೆಯ ಬೆಳಿಗ್ಗೆ ಚಿಕ್ಕಸ್ವಾಮಿ ಹಲ್ಲುಜ್ಜುತ್ತಾ ಈಚೆ ಬಂದರೆ ಹೊಸಿಲಲ್ಲಿ ಬೆಟ್ಟಮ್ಮ ನಿಂತಿದ್ದಾಳೆ. ರಾತ್ರೋರಾತ್ರಿ ಹೊಸ ರವಿಕೆ ಹೊಲಿಸಿ ತೊಟ್ಟಿದ್ದಾಳೆ, ಮಡಿಲಕ್ಕಿ ಇನ್ನೂ ಸೆರಗಿನಲ್ಲೇ ಇದೆ.

“ಏನವ್ವ ಇದು?”

“ಬಾಗ್ಲು ತೆಗ್ದಿರ್ತದೆ ಅಂದ್ರಲ್ಲ ಅಣ್ಣಯ್ಯ, ಅದ್ಕೇ ಬಂದೆ. ಮೊದ್ಲು ನಿಮ್ಮನೆ, ಆಮ್ಯಾಕೆ ಊರು. ಮಡ್ಲು ತುಂಬ್ದ ಮಗಳ್ನ ಬರಿಗೈಲಿ ಕಳುಸ್ಬ್ಯಾಡಿ. ಒಂದು ಓಟು ಕೊಡಿ.”

“ನನ್ನೆಂಡ್ತೀನೇ ನಿಂತವ್ಳಲ್ಲಮ್ಮಿ!”

“ಅತ್ಗೆ ಪ್ಯಾಟೆ ಕಡೆಯಿಂದ ಬಂದ ಸೊಸೆ. ನಾನು ಈ ಊರ್ನಾಗೇ ಉಟ್ಟಿದ ಮಗಳು. ಯಾರು ಒರಗ್ನೋರು, ಯಾರು ಒಳಗ್ನೋರು, ನೀವೇ ಏಳಿ.”

ಒಳಗಿನಿಂದ ಜಯಲಕ್ಷ್ಮಮ್ಮ ನಗುವುದು ಕೇಳಿಸಿತು. ಆ ಮನೆಯಲ್ಲಿ ಅವಳ ನಗು ಅಷ್ಟು ಜೋರಾಗಿ ಕೇಳಿದ್ದು ಅದೇ ಮೊದಲು. ಬೆದರಿದ ಎಮ್ಮೆ ಹಗ್ಗ ಕಿತ್ತುಕೊಂಡು ಪಾಲಹಳ್ಳಿಯ ತನಕ ಓಡಿತು.

ಅಂದು ಬೆಟ್ಟಮ್ಮ ಊರೆಲ್ಲ ತಿರುಗಿದಳು. ಭಾಷಣವಿಲ್ಲ, ಕರಪತ್ರವಿಲ್ಲ. ಪ್ರತಿ ಹೊಸಿಲಲ್ಲೂ ಸೆರಗು ತೋರಿಸಿ, “ತವರಿನೋರು ಕಳಿಸವ್ರೆ, ನೀವೂ ಕಳಿಸಿ” ಎಂದಳು. ಮನೆಯವರು ನೋಡಿದ್ದು ಸೆರಗನ್ನು. ಐವತ್ತು ವರ್ಷದಲ್ಲಿ ಮೊದಲ ಸಲ, ಯಾರೂ ಅವಳ ಕಣ್ಣಿನ ಬಣ್ಣ ನೋಡಲಿಲ್ಲ.

ಟೀ ಅಂಗಡಿಯಲ್ಲಿ ಚಿಕ್ಕಸ್ವಾಮಿಯ ಕಡೆಯವನು ಅಭ್ಯಾಸ ಬಿಡದೆ, “ಏನೇ ಆಗ್ಲಿ ಕಣಣ್ಣೋ, ಪರದೇಶದೋಳು…” ಎಂದು ಬಾಯಿ ತೆಗೆದ.

ಕೆಂಪಣ್ಣ ಸೌಟು ಕೆಳಗಿಟ್ಟ. “ಲೇ, ನಿಮ್ ಯಜಮಾನ್ರ ಒಡವುಟ್ಟಿದ ತಂಗಿ ಪರದೇಶದೋಳಾದ್ರೆ, ನಿಮ್ ಯಜಮಾನ್ರು ಯಾವ ದೇಶದೋರ್ಲಾ?”

ಅಂಗಡಿಯ ತಗಡು ಹಾರಿಹೋಗುವಷ್ಟು ನಗು ಎದ್ದಿತು. ಅಷ್ಟಕ್ಕೇ ಮುಗಿಯಲಿಲ್ಲ. ಸಂಜೆಯ ಹೊತ್ತಿಗೆ ಕೆಲವರಿಗೆ ಚಿಕ್ಕಸ್ವಾಮಿಯ ಮೂಗು ಸ್ವಲ್ಪ ಬೆಂಜಪ್ಪನ ಹಾಗೇ ಕಾಣತೊಡಗಿತು. ಮೀಸೆಯಲ್ಲಿ ಕೆಂಚು ಇದೆ ಎಂದರು. ಬಿಸಿಲಿಗೆ ಅವನ ಕಿವಿ ಕೆಂಪಾಗುವುದನ್ನು ನೋಡಲೆಂದೇ ಇಬ್ಬರು ಮಿಲ್ಲಿನ ಹತ್ತಿರ ಹೋಗಿ ಬಂದರು. ಪಾಪ, ಅವನು ಮತದಾನದ ದಿನ ತಲೆಗೆ ಟವೆಲು ಸುತ್ತಿ, ಕಿವಿ ಮುಚ್ಚಿಕೊಂಡು ಬಂದ.

ಎಣಿಕೆ ಶ್ರೀರಂಗಪಟ್ಟಣದಲ್ಲಿ ನಡೆಯಿತು. ಬೆಟ್ಟಮ್ಮ ಎಷ್ಟು ಓಟಿನಿಂದ ಗೆದ್ದಳೆಂದು ಕೇಳಬೇಡಿ. ಆ ವರ್ಷ ನೂರಕ್ಕೂ ಮೇಲೆ ಎನ್ನುತ್ತಿದ್ದರು. ಎರಡು ವರ್ಷದ ಮೇಲೆ ಕೇಳಿದಾಗ ಎರಡು ಸಾವಿರವಾಗಿತ್ತು. ಊರಲ್ಲಿ ಓಟು ಇರುವುದು ಎಂಟುನೂರು. ಜಯಲಕ್ಷ್ಮಮ್ಮ ಯಾವ ಗುರುತಿಗೆ ಒತ್ತಿದಳೆಂಬುದು ಗುಟ್ಟು; ಫಲಿತಾಂಶ ಕೇಳಿ ಮೊದಲು ಚಪ್ಪಾಳೆ ತಟ್ಟಿದವಳು ಅವಳು ಎಂಬುದು ಗುಟ್ಟಲ್ಲ. ಗೆದ್ದವಳನ್ನು ಊರಿಗೆ ಕರೆತರಲು ಟ್ರಾಕ್ಟರು ಬೇಕಾಯಿತು. ಊರಲ್ಲಿ ಟ್ರಾಕ್ಟರು ಇದ್ದದ್ದು ಚಿಕ್ಕಸ್ವಾಮಿಯ ಹತ್ತಿರ. ತಂಗಿ ಗೆದ್ದು ಬರುವಾಗ ಅಣ್ಣ ಇಲ್ಲವೆನ್ನುವುದು ಹೇಗೆ? ಕಳಿಸಿಕೊಟ್ಟ. ಅದೇ ಟ್ರೇಲರು, ಅದೇ ಜಾಗ, ಮೂಟೆಯ ಬದಲು ಬೆಟ್ಟಮ್ಮ. ಅದೇ ವಾರ ಅರ್ಪಿತಳಿಗೆ ಹೆಣ್ಣು ಮಗುವಾಯಿತು. ಸುಸೂತ್ರ.

ನಲ್ಲಿ? ಬಂತು, ಆದರೆ ಅದರ ಪಾಡಿಗೆ ಅದು ಬರಲಿಲ್ಲ. ಕಂಟ್ರಾಕ್ಟರು ಕುಲುಮೆ ಬೀದಿಯ ಅರ್ಧಕ್ಕೆ ಪೈಪು ಹೂಳಿಸಿ, ಉಳಿದದ್ದು ಹಬ್ಬ ಕಳೆದ ಮೇಲೆ ಎಂದು ಸ್ಕೂಟರು ಹತ್ತಿದ. ಹಿಂದಿನಿಂದ ಬೆಟ್ಟಮ್ಮ ತನಗೆ ಗೊತ್ತಿದ್ದ ಇಂಗ್ಲಿಷನ್ನೆಲ್ಲ ಒಟ್ಟುಗೂಡಿಸಿ, “ಓಲ್ಡಾನ್!” ಎಂದು ಕೂಗಿದಳು. ಸ್ಕೂಟರು ತಾನಾಗಿಯೇ ನಿಂತಿತು. ಕಂಟ್ರಾಕ್ಟರು ಇಳಿದು ಬಂದು ಪೂರ್ತಿ ಬೀದಿಗೆ ಪೈಪು ಹಾಕಿಸಿದ. “ನೋಡ್ದ್ರಾ? ಇಂಗ್ಲಿಷು ರಕ್ತದಾಗೇ ಅದೆ ಅಂದಿದ್ದೆ” ಎಂದ ಟಾನಿಕ್ಕಿನವನು. ಅವನನ್ನು ಯಾರೂ ತಿದ್ದಲಿಲ್ಲ. ಟಾನಿಕ್ಕು ಕುಡಿದೂ ಬದುಕಿದವನು.

ಇನ್ನು ಉಳಿದದ್ದು ಒಂದು. ಮೆಂಬರಾದವಳು ತಾಲ್ಲೂಕು ಆಫೀಸಿನ ಮೀಟಿಂಗಿಗೆ ಹೋಗಬೇಕಲ್ಲ. ಕಾಗದ ಬಂದ ದಿನ ಬೆಟ್ಟಮ್ಮ ಸೀರೆಯುಟ್ಟು ಬಸ್ಸಿಗೆಂದು ಹೊರಟರೆ, ಬೀದಿಯ ತುದಿಯಲ್ಲಿ ಹೆಂಗಸರು ಮೊರ ಹಿಡಿದು ನಿಂತಿದ್ದಾರೆ. ಮುಂದುಗಡೆ ಜಯಲಕ್ಷ್ಮಮ್ಮ.

“ಏನತ್ಗೆ ಇದೆಲ್ಲ?”

“ಮಗಳು ಊರು ಬುಟ್ಟು ಓಯ್ತಾವ್ಳೆ. ಬರಿ ಮಡ್ಲಲ್ಲಿ ಕಳುಸಾಕಾಯ್ತದಾ?”

ಅಂದು ಶುರುವಾದದ್ದು ನಿಲ್ಲಲಿಲ್ಲ. ಮೀಟಿಂಗು ಬಂದಾಗಲೆಲ್ಲ ಯಾರಾದರೊಬ್ಬರು ಮಡಿಲು ತುಂಬುವುದೇ. ವರ್ಷ ತುಂಬುವಷ್ಟರಲ್ಲಿ ಕಾಳಾಚಾರಿಯ ಮನೆಯಲ್ಲಿ ಮಲಗಲು ಜಾಗವಿಲ್ಲದಷ್ಟು ಅಕ್ಕಿ. “ಇನ್ನೊಂದೆಲ್ಡು ಮೀಟಿಂಗ್ ಆದ್ರೆ ಕುಲುಮೆ ಮುಚ್ಚಿ ರೈಸ್‌ಮಿಲ್ಲೇ ಆಕ್ಬೇಕು” ಎಂದ ಅವನು. ಆ ವರ್ಷದ ಅವನ ಮಾತು ಅಲ್ಲಿಗೆ ಮುಗಿಯಿತು.

ಆ ಮೊದಲ ದಿನ ಬಸ್ಸಿನಲ್ಲಿ ಹೊಸ ಕಂಡಕ್ಟರಿದ್ದ. ಮೆಟ್ಟಿಲು ಹತ್ತಿ, ತಲೆ ತಗ್ಗಿಸಿ ಒಳಬಂದ ಎತ್ತರವನ್ನು ನೋಡಿದ. ಜೇನಿನ ಕೂದಲು ನೋಡಿದ. ಕಣ್ಣು ನೋಡಿದ. ನಾಲಿಗೆಯ ತುದಿಗೆ ಇಂಗ್ಲಿಷು ತಂದುಕೊಂಡ. ಅಷ್ಟರಲ್ಲಿ ಅವನ ನೋಟ ತುಂಬಿದ ಸೆರಗಿನ ಮೇಲೆ ಬಿತ್ತು. ಇಂಗ್ಲಿಷನ್ನು ನುಂಗಿಕೊಂಡು ಕೇಳಿದ:

“ಯಾವಕ್ಕಾ ನಿಮ್ ತವರು?”

ಬೆಟ್ಟಮ್ಮ ಕಿಟಕಿಯಾಚೆ ಕೈ ತೋರಿಸಿದಳು. ಊರಿಗೆ ಊರೇ ಅಲ್ಲಿ ನಿಂತಿತ್ತು.

“ಇದೇ ಕಣಪ್ಪ. ಇದಷ್ಟೂ.”